ಕೂಗಳತೆ: ಶಬ್ದ, ಆಕಾಶ ಮತ್ತು ಬಯಲಾಟದ ಬಯಲು

ದೂರವನ್ನು ಸೂಚಿಸುವ ಕನ್ನಡದ ಮಾತುಗಳಲ್ಲಿ ‘ಕೂಗಳತೆ’ ಎಂಬುದೊಂದು. ಕೂಗಿದರೆ ಕೇಳಿಸುವಷ್ಟು ದೂರವೆಂದು ಅದರ ಅರ್ಥ. ಸಂಸ್ಕೃತದ ‘ಕ್ರೋಶ’ ಪದಕ್ಕೂ ಮೂಲದಲ್ಲಿ ಕೂಗು ಎಂಬುದೇ ಅರ್ಥ. ಹಾದಿಯ ಅಳತೆಯೆಂಬ ಅರ್ಥ ಬಳಿಕ ಬಂದುದು. ನೆಲವನ್ನು ಧ್ವನಿಯಿಂದ ಅಳೆಯುವ ರೂಢಿ ಈ ಎರಡು ಮಾತುಗಳಲ್ಲಿಯೂ ಉಳಿದುಬಂದಿದೆ.

ಪುತ್ತೂರು, ಸುಳ್ಯ ಮತ್ತು ಇವೆರಡರ ಗ್ರಾಮಗಳಿಂದ ಈಚೆಗೆ ರೂಪುಗೊಂಡ ಕಡಬ ತಾಲೂಕುಗಳಲ್ಲಿ ಈ ಅಳತೆ ಬರಿಯ ಮಾತಿನ ಅಲಂಕಾರವಲ್ಲ. ಬಯಲುಸೀಮೆಯಂತೆ ಇಲ್ಲಿ ಮನೆಗಳು ಒತ್ತೊತ್ತಾಗಿ ನಿಂತು ಊರಾಗಿಲ್ಲ. ಗುಡ್ಡದ ತಪ್ಪಲಿನಲ್ಲಿ ಒಂದು ಮನೆ, ಅದರ ಕೆಳಗೆ ಅಡಿಕೆ ತೋಟ, ಆಚೆಯ ಗುಡ್ಡದ ಮರೆಯಲ್ಲಿ ಇನ್ನೊಂದು ಮನೆ. ನೆರೆಮನೆ ಕಣ್ಣಿಗೆ ಕಾಣದಿದ್ದರೂ ಕಿವಿಗೆ ಕೇಳಿಸುತ್ತದೆ. ಇಂಥ ನಾಡಿನಲ್ಲಿ ಶಬ್ದಕ್ಕೂ ಅವಕಾಶಕ್ಕೂ ಇರುವ ನಂಟು ಶಾಸ್ತ್ರವನ್ನು ಓದದವನಿಗೂ ಅನುಭವಸಿದ್ಧವಾದುದು.

ಶಾಸ್ತ್ರಕಾರರು ಈ ನಂಟನ್ನು ಬಹು ಸೂಕ್ಷ್ಮವಾಗಿ ವಿಚಾರಿಸಿದ್ದಾರೆ. ವೈಶೇಷಿಕರ ಮತದಲ್ಲಿ ಶಬ್ದವು ಆಕಾಶದ ಗುಣ. ಕಣ್ಣಿಗೆ ಕಾಣದ ಆಕಾಶವು ಉಂಟೆಂದು ಊಹಿಸುವುದು ಈ ಗುಣದ ಬಲದಿಂದಲೇ. ಶ್ರವಣೇಂದ್ರಿಯವೂ ಕಿವಿಯ ಕುಹರದಿಂದ ಪರಿಚ್ಛಿನ್ನವಾದ ಆಕಾಶವಲ್ಲದೆ ಬೇರಲ್ಲ. ದೂರದ ಭೇರಿಯಲ್ಲಿ ಹುಟ್ಟಿದ ಶಬ್ದವು ತಾನೇ ಕಿವಿಗೆ ನಡೆದು ಬರುವುದಿಲ್ಲ. ಅದು ಮತ್ತೊಂದನ್ನು, ಆ ಮತ್ತೊಂದು ಇನ್ನೊಂದನ್ನು ಹುಟ್ಟಿಸುತ್ತ, ಕಿವಿಯ ಆಕಾಶದಲ್ಲಿ ಹುಟ್ಟಿದ ಕೊನೆಯ ಶಬ್ದವು ಕೇಳಿಸುತ್ತದೆ. ನೀರಿನ ತೆರೆಗಳಂತೆ ಹಬ್ಬುವುದೆಂಬ ವೀಚೀತರಂಗನ್ಯಾಯ, ಕದಂಬದ ಹೂವಿನ ಎಸಳುಗಳಂತೆ ಎಲ್ಲ ದಿಕ್ಕಿಗೂ ಒಮ್ಮೆಗೇ ಹೊಮ್ಮುವುದೆಂಬ ಕದಂಬಮುಕುಲನ್ಯಾಯ ಎಂದು ಇದಕ್ಕೆ ಎರಡು ದೃಷ್ಟಾಂತಗಳನ್ನು ಕೊಡುವುದುಂಟು. 13ನೆಯ ಶತಮಾನದ ಕೇಶಿರಾಜನು ಇದನ್ನು ಒಪ್ಪುವವನಲ್ಲ. ಶಬ್ದವನ್ನು ಪುದ್ಗಲವೆಂದೆಣಿಸುವ ಜೈನಮತಕ್ಕೆ ಅನುಗುಣವಾಗಿ ಅವನು ‘ಶಬ್ದಮಣಿದರ್ಪಣ’ದಲ್ಲಿ ಅದನ್ನು ದ್ರವ್ಯವೆಂದು ಹೇಳಿ, ಬಿಳಿಯ ಬಣ್ಣವನ್ನೂ ಕೊಟ್ಟು, ನಾಭಿಮೂಲದಿಂದ ಕಹಳೆಯ ರೀತಿಯಲ್ಲಿ ಹೊರಡಿಸುತ್ತಾನೆ. ಕನ್ನಡದ ವ್ಯಾಕರಣವೊಂದು ಇಂಥ ಭೌತವಿಚಾರದಲ್ಲಿ ಪಕ್ಷ ಹಿಡಿದುದು ಸಾಹಿತ್ಯದ ವಿದ್ಯಾರ್ಥಿಗಳ ಗಮನಕ್ಕೆ ಬರಬೇಕಾದ ಸಂಗತಿ. ವೀರಶೈವ ಷಟ್‌ಸ್ಥಲ ವ್ಯವಸ್ಥೆಯಲ್ಲಿಯಾದರೋ ಆಕಾಶ, ಶ್ರೋತ್ರ, ಶಬ್ದ ಈ ಮೂರೂ ಶರಣಸ್ಥಲದ ಪ್ರಸಾದಲಿಂಗಕ್ಕೆ ಸಂಬಂಧಿಸಿದವು. ಕೇಳಿದ ಶಬ್ದವೂ ಅರ್ಪಿತವಾಗತಕ್ಕ ಪದಾರ್ಥವೇ.

ವೈಶೇಷಿಕರ ಮತದಿಂದ ಒಂದು ತೊಡಕು ಹುಟ್ಟುತ್ತದೆ. ಕೇಳಿಸುವ ಶಬ್ದ ಕಿವಿಯೊಳಗೇ ಹುಟ್ಟಿದುದಾದರೆ, ಭೇರಿ ದೂರದಲ್ಲಿದೆ, ಬಲಗಡೆಗಿದೆ ಎಂಬ ಜ್ಞಾನ ಎಲ್ಲಿಂದ ಬಂತು? ಲಾರ್ಡ್ ರ್‍ಯಾಲೀ ಎಂಬ ಆಂಗ್ಲ ವಿಜ್ಞಾನಿ 1907ರಲ್ಲಿ ಇದೇ ಪ್ರಶ್ನೆಯನ್ನು ಬಗೆಹರಿಸಲು ತೊಡಗಿ, ಎರಡು ಕಿವಿಗಳಿಗೆ ತಲಪುವ ಶಬ್ದದ ಕಾಲಾಂತರ ಮತ್ತು ಪ್ರಮಾಣಾಂತರಗಳಿಂದ ದಿಕ್ಕು ಗೊತ್ತಾಗುವುದೆಂದು ತೋರಿಸಿದನು. ದೂರ ಹೆಚ್ಚಿದಂತೆ ಶಬ್ದದ ತೀಕ್ಷ್ಣಾಂಶಗಳು ಗಾಳಿಯಲ್ಲಿ, ಗಿಡಮರಗಳಲ್ಲಿ ಬೇಗ ಅಡಗಿ ಮಂದ್ರಾಂಶ ಉಳಿಯುತ್ತದೆ. ಎಂದರೆ ಕಿವಿಗೆ ಪ್ರತ್ಯಕ್ಷವಾಗುವುದು ಶಬ್ದ ಮಾತ್ರ. ದೂರ, ದಿಕ್ಕುಗಳು ಮನಸ್ಸು ಅದರಿಂದ ಕಟ್ಟಿಕೊಂಡವು. ಶಬ್ದ ಬದಲಾದರೆ ಅವಕಾಶದ ತಿಳಿವೂ ಬದಲಾಗಬೇಕು.

ಇದು ಹೇಗೆಂಬುದನ್ನು ಬಯಲಾಟದ ಚರಿತ್ರೆಯಲ್ಲಿ ಕಾಣಬಹುದು. ಆಟಕ್ಕೆ ಮುನ್ನ ಚೆಂಡೆ ಮದ್ದಳೆಗಳಲ್ಲಿ ‘ಕೇಳಿ’ ಬಾರಿಸುವ ವಾಡಿಕೆಯುಂಟು. ತೆಂಕುತಿಟ್ಟಿನ ಚೆಂಡೆ ಬಡಗಿನದಕ್ಕಿಂತ ದೊಡ್ಡದು, ಅದರ ನಾದವೂ ದೊಡ್ಡದು. ಗುಡ್ಡದಿಂದ ಗುಡ್ಡಕ್ಕೆ ತಾಗಿ ಬರುವ ಆ ನಾದವನ್ನು ಕೇಳಿದವರಿಗೆ ಇಂದು ಆಟವಿದೆಯೆಂಬುದಷ್ಟೇ ಅಲ್ಲ, ಯಾವ ಕಡೆಗೆ ಎಷ್ಟು ನಡೆಯಬೇಕೆಂಬುದೂ ತಿಳಿಯುತ್ತಿತ್ತು. ದೊಂದಿಯ ಬೆಳಕಿನ ಕಾಲದಲ್ಲಿ ಕಣ್ಣಿಗೆ ಕಾಣುತ್ತಿದ್ದುದು ರಂಗಸ್ಥಳದ ಸುತ್ತಲಿನ ಕೆಲವು ಮಾರು ಮಾತ್ರ. ಅದರಾಚೆಯ ಕತ್ತಲೆಯನ್ನು ಆಟದ ಬಯಲಾಗಿ ಮಾಡುತ್ತಿದ್ದುದು ಹಿಮ್ಮೇಳ.

ಪುತ್ತೂರಿನ ಬಾಲವನದಲ್ಲಿ ದಶಕಗಳ ಕಾಲ ನೆಲಸಿದ್ದ ಶಿವರಾಮ ಕಾರಂತರು ಈ ಕಲೆಯ ಬಗೆಗೆ ಬರೆದ ಗ್ರಂಥಕ್ಕೆ 1959ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂದಿತು. ತಮ್ಮ ಪ್ರಯೋಗಗಳಲ್ಲಿ ಅವರು ವಯೊಲಿನ್, ಸ್ಯಾಕ್ಸೋಫೋನ್‌ಗಳನ್ನು ತಂದುದು ವಿವಾದಕ್ಕೆ ಆಸ್ಪದವಾಯಿತು. ಆದರೆ ವಿವಾದವಿಲ್ಲದೆ ಒಳಬಂದ ಧ್ವನಿವರ್ಧಕವು ಮಾಡಿದ ಬದಲಾವಣೆ ಇದಕ್ಕಿಂತ ದೊಡ್ಡದು. ಭಾಗವತನು ಕುಳಿತಿರುವುದು ರಂಗಸ್ಥಳದಲ್ಲಿ. ಅವನ ಪದ ಕೇಳಿಸುವುದು ಕಂಬದ ಮೇಲಿಂದ. ವೇಷಧಾರಿ ಎಡದಿಂದ ಬಲಕ್ಕೆ ಸರಿದರೂ ಮಾತು ಸರಿಯದು. ಹಿಂದಿನ ಸಾಲಿನವನಿಗೂ ಮುಂದಿನವನಿಗೂ ದೂರ ಒಂದೇ ಆಯಿತು. ಹೆಚ್ಚು ಜನಕ್ಕೆ ಕೇಳಿಸಿತೆಂಬ ಲಾಭವನ್ನು ಅಲ್ಲಗಳೆಯುವಂತಿಲ್ಲ; ಕೂಗಳತೆ ಮಾತ್ರ ಅಲ್ಲಿ ಅಳಿಯಿತು.

ಮನೆಯ ಚಾವಡಿಯಲ್ಲಿ ನಡೆಯುವ ಮಳೆಗಾಲದ ತಾಳಮದ್ದಳೆಯಲ್ಲಿ ಹಳೆಯ ಕ್ರಮವನ್ನು ಇನ್ನೂ ಕಾಣಬಹುದು. ಅಲ್ಲಿ ವೇಷವಿಲ್ಲ, ರಂಗಸ್ಥಳವಿಲ್ಲ, ಅರ್ಥಧಾರಿ ಕುಳಿತಲ್ಲಿಂದ ಏಳುವುದಿಲ್ಲ. ಪದ ಮುಗಿದು ಅರ್ಥಧಾರಿ ತಗ್ಗಿದ ದನಿಯಲ್ಲಿ ತೊಡಗಿದರೆ ಚಾವಡಿ ಅಂತಃಪುರವಾಗುತ್ತದೆ. ದನಿಯನ್ನೆತ್ತಿ ಎದುರಾಳಿಯನ್ನು ಕರೆದರೆ, ಮೊಳದಂತರದಲ್ಲಿ ಕುಳಿತವರ ನಡುವೆ ಕುರುಕ್ಷೇತ್ರದಷ್ಟು ನೆಲ ತೆರೆದುಕೊಳ್ಳುತ್ತದೆ.