ಮುಂಗೋ ಸರೋವರದ ಮಾನವ ಅವಶೇಷಗಳು

ಮುಂಗೋ ಸರೋವರದ ಮಾನವ ಅವಶೇಷಗಳು ಆಸ್ಟ್ರೇಲಿಯಾದ ನ್ಯೂ ಸೌತ್ ವೇಲ್ಸ್ ರಾಜ್ಯದ ನೈಋತ್ಯ ಭಾಗದ ಅರೆಮರುಭೂಮಿಯಲ್ಲಿ ದೊರೆತ ಪ್ರಾಚೀನ ಅಸ್ಥಿಗಳು. ಇವುಗಳಲ್ಲಿ ‘ಮುಂಗೋ ಮಹಿಳೆ’ ಮತ್ತು ‘ಮುಂಗೋ ಪುರುಷ’ ಎಂದು ಹೆಸರಾದ ಇಬ್ಬರ ಅವಶೇಷಗಳು ಪ್ರಮುಖವಾದವು. ಸುಮಾರು 40,000ದಿಂದ 42,000 ವರ್ಷಗಳಷ್ಟು ಹಳೆಯವಾದ ಇವು ಆ ಖಂಡದಲ್ಲಿ ದೊರೆತ ಅತಿ ಪ್ರಾಚೀನ ಮಾನವ ಅವಶೇಷಗಳೆಂದು ಪರಿಗಣಿತವಾಗಿವೆ.

ಹಿನ್ನೆಲೆ

ಮುಂಗೋ, ವಿಲಾಂಡ್ರಾ ಸರೋವರ ಸಮೂಹಕ್ಕೆ ಸೇರಿದೆ. ಹಿಂದೆ ಸಿಹಿನೀರಿನಿಂದ ತುಂಬಿದ್ದ ಈ ಸರೋವರಗಳು ಬತ್ತಿ ಹತ್ತು ಸಾವಿರಕ್ಕೂ ಹೆಚ್ಚು ವರ್ಷಗಳಾಗಿವೆ. ಮುಂಗೋದ ಪೂರ್ವದಂಡೆಯಲ್ಲಿ ಗಾಳಿಯಿಂದ ಅರ್ಧಚಂದ್ರಾಕಾರದ ಮರಳುದಿಬ್ಬವೊಂದು ರೂಪುಗೊಂಡಿದೆ. ಈ ದಿಬ್ಬ ಸವೆದಂತೆ ಅದರಲ್ಲಿ ಹುದುಗಿದ್ದ ಅಸ್ಥಿಗಳು ಹೊರಗೆ ಕಾಣಿಸಿಕೊಂಡವು. 1981ರಲ್ಲಿ ಈ ಪ್ರದೇಶ ಯುನೆಸ್ಕೋ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು.

ಶೋಧ

ಪ್ರಾಚೀನ ಹವಾಮಾನವನ್ನು ಅಧ್ಯಯನ ಮಾಡುತ್ತಿದ್ದ ಭೂವಿಜ್ಞಾನಿ ಜಿಮ್ ಬೌಲರ್ 1968ರಲ್ಲಿ ಸುಟ್ಟ ಮೂಳೆಗಳನ್ನು ಕಂಡರು. ಮರುವರ್ಷ ಪುರಾತತ್ತ್ವಜ್ಞರು ಪರಿಶೀಲಿಸಿದಾಗ ಅವು ಮಾನವನ ಮೂಳೆಗಳೆಂದು ತಿಳಿಯಿತು. ಮುಂಗೋ ಮಹಿಳೆಯ ದೇಹವನ್ನು ದಹಿಸಿ, ಉಳಿದ ಮೂಳೆಗಳನ್ನು ಪುಡಿಮಾಡಿ ಹೂಳಲಾಗಿತ್ತು. ಇದು ವಿಶ್ವದಲ್ಲೇ ತಿಳಿದಿರುವ ಅತಿ ಪ್ರಾಚೀನ ಶವದಹನಗಳಲ್ಲಿ ಒಂದು.

1974ರ ಫೆಬ್ರವರಿಯಲ್ಲಿ ಬೌಲರ್ ಅವರಿಗೇ ಮುಂಗೋ ಪುರುಷನ ಅಸ್ಥಿಪಂಜರ ಗೋಚರಿಸಿತು. ಶವವನ್ನು ಅಂಗಾತ ಮಲಗಿಸಿ, ಕೈಗಳನ್ನು ತೊಡೆಸಂದಿಯ ಮೇಲೆ ಜೋಡಿಸಿ, ಕೆಮ್ಮಣ್ಣನ್ನು ಉದುರಿಸಲಾಗಿತ್ತು. ಈ ಕೆಮ್ಮಣ್ಣು ಸಮೀಪದಲ್ಲಿ ಸಿಗದ ಕಾರಣ ದೂರದಿಂದ ತಂದಿರಬೇಕು. ಅಷ್ಟು ಹಿಂದೆಯೇ ಅಂತ್ಯಸಂಸ್ಕಾರದ ವಿಧಿಗಳು ರೂಢಿಯಲ್ಲಿದ್ದುವೆಂಬುದಕ್ಕೆ ಈ ಎರಡು ಸಮಾಧಿಗಳು ಸಾಕ್ಷಿ.

ಕಾಲನಿರ್ಣಯ

1999ರಲ್ಲಿ ಮುಂಗೋ ಪುರುಷನ ಪ್ರಾಚೀನತೆಯನ್ನು ಸುಮಾರು 62,000 ವರ್ಷಗಳೆಂದು ಅಂದಾಜಿಸಲಾಗಿತ್ತು. ಸಮಾಧಿಯ ಸುತ್ತಲಿನ ಮರಳಿನ ಪದರಗಳನ್ನು ಪರೀಕ್ಷಿಸಿ 2003ರಲ್ಲಿ ಪ್ರಕಟವಾದ ಅಧ್ಯಯನವು ಎರಡೂ ಸಮಾಧಿಗಳ ಕಾಲವನ್ನು ಸುಮಾರು 40,000 ವರ್ಷಗಳೆಂದು ನಿರ್ಧರಿಸಿತು.

ಹಿಂದಿರುಗಿಸುವಿಕೆ

ಮುತ್ತಿ ಮುತ್ತಿ, ಪಾಕಾಂತ್ಯಿ ಮತ್ತು ಙಿಯಾಂಪಾ ಜನರು ಈ ನೆಲದ ಪಾರಂಪರಿಕ ವಾರಸುದಾರರು. ಅವರ ಒಪ್ಪಿಗೆ ಪಡೆಯದೆ ಅವಶೇಷಗಳನ್ನು ಅಧ್ಯಯನಕ್ಕಾಗಿ ಕ್ಯಾನ್‌ಬೆರಾಕ್ಕೆ ಒಯ್ಯಲಾಗಿತ್ತು. ವಿಜ್ಞಾನಿಗಳಿಗೆ ಇವು ಅಧ್ಯಯನ ಸಾಮಗ್ರಿಯಾಗಿದ್ದರೆ, ಮೂಲನಿವಾಸಿಗಳಿಗೆ ತಮ್ಮ ಪೂರ್ವಜರೇ ಆಗಿದ್ದರು. ದೀರ್ಘಕಾಲದ ಒತ್ತಾಯದ ಫಲವಾಗಿ ಮುಂಗೋ ಮಹಿಳೆಯನ್ನು 1992ರಲ್ಲಿಯೂ ಮುಂಗೋ ಪುರುಷನನ್ನು 2017ರ ನವೆಂಬರ್‌ನಲ್ಲಿಯೂ ತಾಯ್ನೆಲಕ್ಕೆ ಮರಳಿಸಲಾಯಿತು.

ಮುಂದೇನು ಮಾಡಬೇಕೆಂಬುದರಲ್ಲಿ ಮೂಲನಿವಾಸಿಗಳಲ್ಲೇ ಒಮ್ಮತವಿರಲಿಲ್ಲ. ಮರಳಿ ಹೂಳಬೇಕೆಂದು ಕೆಲವರು ಬಯಸಿದರೆ, ಗೌರವದಿಂದ ಕಾಪಿಡುವ ಸ್ಥಳವೊಂದು ಬೇಕೆಂದು ಇತರರು ವಾದಿಸಿದರು. ಆಕ್ಷೇಪಗಳ ನಡುವೆಯೇ 2022ರ ಮೇ ತಿಂಗಳಲ್ಲಿ ಇಬ್ಬರ ಅವಶೇಷಗಳನ್ನೂ ವಿಲಾಂಡ್ರಾ ಪ್ರದೇಶದಲ್ಲಿ, ಸ್ಥಳವನ್ನು ಬಹಿರಂಗಪಡಿಸದೆ, ಮತ್ತೆ ಮಣ್ಣು ಮಾಡಲಾಯಿತು.