ಗುರಿಂಜಿಗಳು ಕೇಳಿದ್ದು ನೆಲವನ್ನು

ಆಸ್ಟ್ರೇಲಿಯಾಕ್ಕೆ ಬಂದು ಬದುಕು ಕಟ್ಟಿಕೊಂಡ ಕನ್ನಡಿಗರ ಈ ಸ್ಮರಣ ಸಂಚಿಕೆಯಲ್ಲಿ, ನಮಗಿಂತ ಸಾವಿರಾರು ವರ್ಷ ಮೊದಲಿಂದಲೂ ಇಲ್ಲಿರುವವರಿಗೆ ಒಂದು ಪುಟವಾದರೂ ಸಲ್ಲಬೇಕು. ನಾನು ಆರಿಸಿಕೊಂಡಿರುವುದು ಗುರಿಂಜಿ ಜನರನ್ನು, ಅವರ ಮುಂದಾಳು ವಿನ್ಸೆಂಟ್ ಲಿಂಗಿಯಾರಿಯವರನ್ನು.

ನಾರ್ದರ್ನ್ ಟೆರಿಟರಿಯ ವೇವ್ ಹಿಲ್, ಬ್ರಿಟನ್ನಿನ ವೆಸ್ಟಿ ಕಂಪನಿ ನಡೆಸುತ್ತಿದ್ದ ವಿಶಾಲ ದನದ ಫಾರಂ. ತಾತ ಮುತ್ತಾತರ ನೆಲದಲ್ಲೇ ಗುರಿಂಜಿಗಳು ಉಪ್ಪುಮಾಂಸ, ಹಿಟ್ಟು, ಸಕ್ಕರೆ, ಚಹಾದ ಪಡಿಗಾಗಿ ದುಡಿಯುತ್ತಿದ್ದರು. ಕೈಗೆ ಸಿಗುವ ಕಾಸು ಬಿಳಿಯರ ಕೂಲಿಯ ಮುಂದೆ ಏನೇನೂ ಅಲ್ಲ. ಸಮಾನ ವೇತನದ ತೀರ್ಪು 1966ರಲ್ಲಿ ಬಂತಾದರೂ ಜಾರಿಯನ್ನು 1968ರ ಡಿಸೆಂಬರಿಗೆ ಮುಂದೂಡಲಾಯಿತು. 1966ರ ಆಗಸ್ಟ್ 23ರಂದು ದನಗಾಹಿಗಳು, ಮನೆಗೆಲಸದ ಹೆಂಗಸರು, ಮಕ್ಕಳು ಸೇರಿ ಸುಮಾರು 200 ಮಂದಿ ಲಿಂಗಿಯಾರಿಯವರ ಹಿಂದೆ ಹೊರನಡೆದರು.

ಹೊರಗಿನವರು ಇದನ್ನು ಕೂಲಿಯ ಮುಷ್ಕರವೆಂದೇ ತಿಳಿದರು. ಆದರೆ 1967ರಲ್ಲಿ ಗುಂಪು ವ್ಯಾಟಿ ಕ್ರೀಕ್ ದಂಡೆಯ ದಾಗುರಾಗುವಿಗೆ ಹೋಗಿ ನೆಲೆಯೂರಿದಾಗ, ಸುಮಾರು 500 ಚದರ ಮೈಲಿ ನೆಲಕ್ಕಾಗಿ ಗವರ್ನರ್ ಜನರಲ್‌ಗೆ ಮನವಿ ಬರೆಸಿದಾಗ, ಕೇಳುತ್ತಿರುವುದು ಏನನ್ನು ಎಂಬುದು ಸ್ಪಷ್ಟವಾಯಿತು. ಮನವಿ ತಿರಸ್ಕೃತವಾಯಿತು. ಕಾನೂನಿನ ಪ್ರಕಾರ ಅವರು ಕಂಪನಿಯ ಜಾಗದ ಅತಿಕ್ರಮಣದಾರರು. ಬಿಳಿಯರ ಗುಂಡಿಗೆ ಬಲಿಯಾದ ಹಿರಿಯರ ನೆನಪು ಇನ್ನೂ ಹಸಿಯಾಗಿದ್ದ ಜನ ಅವರು. ಆದರೂ ಯಾರ ಮೇಲೂ ಕೈ ಎತ್ತಲಿಲ್ಲ, ಜಾಗ ಬಿಟ್ಟು ಕದಲಲೂ ಇಲ್ಲ. ಲೇಖಕ ಫ್ರ್ಯಾಂಕ್ ಹಾರ್ಡಿ, ಕಾರ್ಮಿಕ ಸಂಘಗಳು ಬೆಂಬಲಕ್ಕೆ ನಿಂತರು. ಲಿಂಗಿಯಾರಿ ತಾವೇ ದಕ್ಷಿಣದ ನಗರಗಳಿಗೆ ಹೋಗಿ ತಮ್ಮವರ ಮಾತನ್ನು ಹೇಳಿದರು.

1975ರ ಆಗಸ್ಟ್ 16ರಂದು ಪ್ರಧಾನಿ ಗಾಫ್ ವಿಟ್ಲಮ್ ಲಿಂಗಿಯಾರಿಯವರ ಅಂಗೈಗೆ ಕೆಂಪು ಮಣ್ಣು ಸುರಿದರು. ಮೂಲನಿವಾಸಿ ಛಾಯಾಗ್ರಾಹಕ ಮರ್ವಿನ್ ಬಿಷಪ್ ತೆಗೆದ ಆ ಚಿತ್ರ ದೇಶಕ್ಕೆಲ್ಲ ಪರಿಚಿತ. ಕೊಡುವ ಕೈ ಮೇಲೆ, ಪಡೆವ ಕೈ ಕೆಳಗೆ. ಒಂಬತ್ತು ವರ್ಷ ಪಟ್ಟು ಹಿಡಿದು ಆ ಗಳಿಗೆಯನ್ನು ಬರಿಸಿಕೊಂಡವರು ಯಾರು ಎಂಬುದು ಚಿತ್ರ ನೋಡಿದರೆ ತಿಳಿಯದು ಎಂಬ ಕೊರಗು ನನ್ನದು. ಅಂದು ಸಿಕ್ಕಿದ್ದೂ ಗುತ್ತಿಗೆಯಷ್ಟೇ, ಸುಮಾರು 3,200 ಚದರ ಕಿಲೋಮೀಟರಿಗೆ. ಮರುವರ್ಷ ನಾರ್ದರ್ನ್ ಟೆರಿಟರಿಯ ಮೂಲನಿವಾಸಿಗಳ ಭೂಹಕ್ಕಿನ ಕಾಯ್ದೆ ಬಂತು. ದಾಗುರಾಗುವಿನ ಪೂರ್ಣ ಒಡೆತನ 1986ರಲ್ಲಿ ಕೈಸೇರಿತು. ಅದನ್ನು ಕಂಡ ಲಿಂಗಿಯಾರಿ 1988ರಲ್ಲಿ ತೀರಿಕೊಂಡರು. ಅವರು ಬಿಟ್ಟು ನಡೆದ ವೇವ್ ಹಿಲ್ ನೆಲದ ಮೇಲೂ ಮೂಲನಿವಾಸಿಗಳ ಹಕ್ಕನ್ನು ಫೆಡರಲ್ ನ್ಯಾಯಾಲಯ ಒಪ್ಪಿದ್ದು 2020ರಲ್ಲಿ.