ಹಳೆಯ ಐಪಾಡ್, ಎಂಪಿ3 ಪ್ಲೇಯರ್‌ನ ಹಾಡುಗಳನ್ನು ಕಂಪ್ಯೂಟರಿಗೆ ಉಳಿಸಿಕೊಳ್ಳುವುದು ಹೇಗೆ?

ಗಲ್ಫ್‌ನಿಂದ ರಜೆಗೆ ಬಂದವರು ತಂದುಕೊಟ್ಟ ಐಪಾಡ್, ಪುಟ್ಟ ಎಂಪಿ3 ಪ್ಲೇಯರ್, ಬಟನ್ ಮೊಬೈಲ್ ಇವೆಲ್ಲ ಕರಾವಳಿಯ ಬಹುತೇಕ ಮನೆಗಳ ಕಪಾಟಿನಲ್ಲಿ ಈಗಲೂ ಬಿದ್ದಿವೆ. 2001ರಲ್ಲಿ ಮಾರುಕಟ್ಟೆಗೆ ಬಂದ ಐಪಾಡ್ ತಯಾರಿಯನ್ನು ಆಪಲ್ ಕಂಪೆನಿ 2022ರಲ್ಲಿ ನಿಲ್ಲಿಸಿತು. ಯಂತ್ರ ಹೋದರೆ ಹೋಗಲಿ, ಅದರೊಳಗಿನ ಧ್ವನಿ ಹೋಗಬಾರದು.

ಸಿನಿಮಾ ಹಾಡು ಹೋದರೆ ಇಂಟರ್‌ನೆಟ್‌ನಲ್ಲಿ ಮತ್ತೆ ಸಿಗುತ್ತದೆ. ಆದರೆ ಮದರಂಗಿ ರಾತ್ರಿ ಅಜ್ಜಿ ಹಾಡಿದ ಬ್ಯಾರಿ ಹಾಡು, ಊರಿನ ದಫ್ ತಂಡದ ರೆಕಾರ್ಡಿಂಗ್, ತೀರಿಹೋದ ಉಸ್ತಾದರೊಬ್ಬರ ಪ್ರವಚನ ಎಲ್ಲಿಯೂ ಸಿಗುವುದಿಲ್ಲ. ಬ್ಯಾರಿ ಸಾಹಿತ್ಯ ಅಕಾಡೆಮಿ ಸ್ಥಾಪನೆಯಾದದ್ದು 2007ರಲ್ಲಿ. ಅದಕ್ಕೂ ಮೊದಲು ಈ ಭಾಷೆಯ ಹಾಡುಗಳು ಹೆಚ್ಚಾಗಿ ಬಾಯಿಂದ ಬಾಯಿಗೆ ಬಂದವು.

ಇದು ಕರಾವಳಿಗೆ ಮಾತ್ರ ಸೀಮಿತವಲ್ಲ. ಮಹಾರಾಷ್ಟ್ರದ ಗಡಿಯಲ್ಲಿರುವ ಲೋಹಾರಾ, ಉಮರ್ಗಾ, ನಿಲಂಗಾ, ಉದಗೀರ್ ಕಡೆ ಕನ್ನಡ, ಮರಾಠಿ, ದಖನಿ ಮೂರೂ ಕಿವಿಗೆ ಬೀಳುತ್ತವೆ. ನಿಲಂಗಾ, ಉದಗೀರ್ ತಾಲೂಕುಗಳು 1956ರವರೆಗೆ ಬೀದರ್ ಜಿಲ್ಲೆಯಲ್ಲೇ ಇದ್ದವು. ಗಡಿಯ ಈಚೆಗಿನ ಕಲಬುರಗಿ, ಬೀದರ್ ಸೀಮೆಯ ಮೊಹರಂ ರಿವಾಯತ್ ಪದ, ಉರೂಸಿನ ಕವ್ವಾಲಿಗಳೂ ಹಳೆಯ ಮೆಮೊರಿ ಕಾರ್ಡುಗಳಲ್ಲೇ ಕೂತಿವೆ. ಉಳಿಸಿಕೊಳ್ಳುವ ವಿಧಾನ ಎಲ್ಲರಿಗೂ ಒಂದೇ.

ಮೊದಲು ಗಮನಿಸಬೇಕಾದ್ದು

ಪ್ಲೇಯರ್‌ನ ಬೆನ್ನು ಉಬ್ಬಿದ್ದರೆ ಬ್ಯಾಟರಿ ಕೆಟ್ಟಿದೆ ಎಂದರ್ಥ. ಅದನ್ನು ಚಾರ್ಜಿಗೆ ಹಾಕಬೇಡಿ, ರಿಪೇರಿ ಅಂಗಡಿಯಲ್ಲಿ ಬ್ಯಾಟರಿ ತೆಗೆಸಿ. ಹಾಡು ಇರುವುದು ಮೆಮೊರಿಯಲ್ಲಿ, ಬ್ಯಾಟರಿಯಲ್ಲಿ ಅಲ್ಲ. ಯುಎಸ್‌ಬಿ ಕೇಬಲ್‌ಗಳಲ್ಲಿ ಕೆಲವು ಚಾರ್ಜಿಂಗಿಗೆ ಮಾತ್ರ ಬರುತ್ತವೆ. ಕಂಪ್ಯೂಟರಿಗೆ ಜೋಡಿಸಿದಾಗ ಏನೂ ಕಾಣದಿದ್ದರೆ ಮೊದಲು ಕೇಬಲ್ ಬದಲಿಸಿ ನೋಡಿ.

ಸಾಮಾನ್ಯ ಎಂಪಿ3 ಪ್ಲೇಯರ್, ಮೆಮೊರಿ ಕಾರ್ಡ್

ಇದು ಸುಲಭ. ಪ್ಲೇಯರ್ ಪೆನ್ ಡ್ರೈವ್ ಹಾಗೆಯೇ ಕಾಣುತ್ತದೆ. ಕಂಪ್ಯೂಟರಿನಲ್ಲಿ ಹೊಸ ಫೋಲ್ಡರ್ ಮಾಡಿ ಎಲ್ಲವನ್ನೂ ಕಾಪಿ ಮಾಡಿ. 'ಕಟ್' ಮಾಡಬೇಡಿ, ನಡುವೆ ಕರೆಂಟ್ ಹೋದರೆ ಕಷ್ಟ. ಆಂಡ್ರಾಯ್ಡ್ ಫೋನಾದರೆ ಕೇಬಲ್ ಜೋಡಿಸಿದ ಮೇಲೆ ಪರದೆಯಲ್ಲಿ 'ಫೈಲ್ ಟ್ರಾನ್ಸ್‌ಫರ್' ಆಯ್ಕೆ ಮಾಡಿ. ಪ್ಲೇಯರ್‌ನಲ್ಲೇ ರೆಕಾರ್ಡ್ ಮಾಡಿದ ಧ್ವನಿ ಸಾಮಾನ್ಯವಾಗಿ 'ರೆಕಾರ್ಡ್' ಅಥವಾ 'ವಾಯ್ಸ್' ಎಂಬ ಬೇರೆ ಫೋಲ್ಡರಿನಲ್ಲಿರುತ್ತದೆ. ಅದನ್ನು ಮರೆಯಬೇಡಿ.

ಐಪಾಡ್ ಆದರೆ

ಐಪಾಡ್‌ನ ಹಾಡುಗಳು ಮೇಲ್ನೋಟಕ್ಕೆ ಕಾಣುವುದಿಲ್ಲ. ಅವು ಅಡಗಿಸಿಟ್ಟ ಫೋಲ್ಡರಿನಲ್ಲಿರುತ್ತವೆ.

1. ಸಾಧ್ಯವಾದರೆ ಐಟ್ಯೂನ್ಸ್ ಇಲ್ಲದ ವಿಂಡೋಸ್ ಕಂಪ್ಯೂಟರಿಗೆ ಜೋಡಿಸಿ. ಹೊಸ ಕಂಪ್ಯೂಟರಿನ ಐಟ್ಯೂನ್ಸ್ 'ಇರೇಸ್ ಆ್ಯಂಡ್ ಸಿಂಕ್' ಎಂದು ಕೇಳಿದರೆ ಒಪ್ಪಬೇಡಿ. ಒಪ್ಪಿದರೆ ಐಪಾಡ್‌ನ ಹಾಡುಗಳು ಅಳಿಸಿಹೋಗುತ್ತವೆ.

2. ಫೈಲ್ ಎಕ್ಸ್‌ಪ್ಲೋರರ್‌ನ 'ವ್ಯೂ' ಮೆನುವಿನಲ್ಲಿ 'ಹಿಡನ್ ಐಟಮ್ಸ್' ಗುರುತು ಹಾಕಿ.

3. ಐಪಾಡ್ ತೆರೆದರೆ 'ಐಪಾಡ್ ಕಂಟ್ರೋಲ್', ಅದರೊಳಗೆ 'ಮ್ಯೂಸಿಕ್' ಫೋಲ್ಡರ್ ಸಿಗುತ್ತದೆ. ಆ ಇಡೀ ಫೋಲ್ಡರನ್ನು ಕಾಪಿ ಮಾಡಿ. ಕೆಲವು ಮಾದರಿಗಳಲ್ಲಿ 'ರೆಕಾರ್ಡಿಂಗ್ಸ್' ಎಂಬ ಫೋಲ್ಡರ್ ಬೇರೆಯೇ ಇರುತ್ತದೆ, ಅದನ್ನೂ ತೆಗೆದುಕೊಳ್ಳಿ.

4. ಒಳಗೆ ಎಫ್00, ಎಫ್01 ಎಂಬ ಫೋಲ್ಡರುಗಳು, ನಾಲ್ಕಕ್ಷರದ ಅರ್ಥವಿಲ್ಲದ ಫೈಲ್ ಹೆಸರುಗಳು ಇರುತ್ತವೆ. ಗಾಬರಿ ಬೇಡ. ಹಾಡಿನ, ಗಾಯಕರ ಹೆಸರು ಫೈಲಿನೊಳಗಿನ 'ಟ್ಯಾಗ್'ನಲ್ಲಿ ಉಳಿದಿರುತ್ತದೆ. 'ಎಂಪಿ3ಟ್ಯಾಗ್' ಎಂಬ ಸಾಫ್ಟ್‌ವೇರ್ ಆ ಟ್ಯಾಗ್ ನೋಡಿ ಫೈಲುಗಳಿಗೆ ಒಮ್ಮೆಲೇ ಸರಿಯಾದ ಹೆಸರು ಕೊಡಬಲ್ಲದು.

'ಡಿಸ್ಕ್ ಫಾರ್ಮ್ಯಾಟ್ ಮಾಡಬೇಕು' ಎಂದು ವಿಂಡೋಸ್ ಕೇಳಿದರೆ 'ಕ್ಯಾನ್ಸಲ್' ಒತ್ತಿ. ಆ ಐಪಾಡ್ ಮ್ಯಾಕ್ ಕಂಪ್ಯೂಟರಿನಲ್ಲಿ ಸಿದ್ಧಪಡಿಸಿದ್ದಾಗಿರಬಹುದು. ಮ್ಯಾಕ್ ಇರುವವರ ಬಳಿ ಒಯ್ದು ನೋಡಿ. ಐಪಾಡ್ ಟಚ್ ಮಾತ್ರ ಹೀಗೆ ಡ್ರೈವ್ ಆಗಿ ತೆರೆಯುವುದಿಲ್ಲ, ಅದಕ್ಕೆ ಬೇರೆ ಸಾಫ್ಟ್‌ವೇರ್ ಬೇಕು.

ಕಾಪಿ ಆದ ಮೇಲೆ

ಎರಡೂ ಕಡೆ ಫೈಲುಗಳ ಸಂಖ್ಯೆ, ಒಟ್ಟು ಗಾತ್ರ ಸಮ ಇದೆಯೇ ನೋಡಿ. ನಾಲ್ಕೈದು ಹಾಡು ಕೊನೆಯವರೆಗೆ ಕೇಳಿ. ಆಮೇಲಷ್ಟೇ ಹಳೆಯದನ್ನು ಅಳಿಸುವ ಮಾತು. ಬರೀ ಕಾಪಿ ಮಾಡಿದರೆ ಗುಣಮಟ್ಟ ಕಡಿಮೆಯಾಗುವುದಿಲ್ಲ. ಎಂಪಿ3ಯನ್ನು ಮತ್ತೆ ಮತ್ತೆ ಕನ್ವರ್ಟ್ ಮಾಡಿದರೆ ಕಡಿಮೆಯಾಗುತ್ತದೆ. ಹಳೆಯ ಮೊಬೈಲಿನ ಎಎಂಆರ್ ರೆಕಾರ್ಡಿಂಗ್ ಇದ್ದರೆ ಮೂಲವನ್ನು ಹಾಗೇ ಇಟ್ಟು, ಕೇಳುವುದಕ್ಕೆ ಇನ್ನೊಂದು ಎಂಪಿ3 ಪ್ರತಿ ಮಾಡಿಕೊಳ್ಳಿ.

128 ಕೆಬಿಪಿಎಸ್ ಎಂಪಿ3 ಒಂದು ನಿಮಿಷಕ್ಕೆ ಸುಮಾರು 1 ಎಂಬಿ ಜಾಗ ಹಿಡಿಯುತ್ತದೆ. ಹಾಗಾಗಿ 8 ಜಿಬಿ ಪ್ಲೇಯರ್‌ನ ಎಲ್ಲ ಹಾಡು ಸಣ್ಣ ಪೆನ್ ಡ್ರೈವಿನಲ್ಲೂ ಹಿಡಿಯುತ್ತದೆ. ಒಂದೇ ಕಡೆ ಇಟ್ಟರೆ ಅದು ಬ್ಯಾಕಪ್ ಅಲ್ಲ. ಮೂರು ಪ್ರತಿ, ಎರಡು ಬಗೆಯ ಸಾಧನ, ಒಂದು ಪ್ರತಿ ಬೇರೆ ಊರಿನಲ್ಲಿ ಅಥವಾ ಕ್ಲೌಡ್‌ನಲ್ಲಿ: ಇದು ಎಲ್ಲರೂ ಒಪ್ಪುವ ಲೆಕ್ಕ. ವರ್ಷಗಟ್ಟಲೆ ಬಳಸದೆ ಬಿಟ್ಟ ಪೆನ್ ಡ್ರೈವ್ ಕೂಡ ಕೈಕೊಡಬಹುದು, ವರ್ಷಕ್ಕೊಮ್ಮೆ ತೆರೆದು ನೋಡಿ.

ಹೆಸರು ಬರೆದಿಡಿ, ಅನುಮತಿ ಕೇಳಿ

'ಟ್ರ್ಯಾಕ್ 07' ಎಂಬ ಹೆಸರಿನಿಂದ ಮುಂದಿನ ಪೀಳಿಗೆಗೆ ಏನೂ ತಿಳಿಯದು. ಯಾರು ಹಾಡಿದ್ದು, ಯಾವ ಊರು, ಯಾರ ಮದುವೆ, ಯಾವ ವರ್ಷ ಎಂಬುದನ್ನು ಫೈಲಿನ ಹೆಸರಿನಲ್ಲೋ ಜೊತೆಗೊಂದು ನೋಟ್‌ನಲ್ಲೋ ಬರೆಯಿರಿ. ಗೊತ್ತಿಲ್ಲದಿದ್ದರೆ ಉಮ್ಮನ ಹತ್ತಿರ ಕೂತು ಕೇಳಿಸಿ. ಧ್ವನಿ ಗುರುತಿಸುವವರು ಇರುವಾಗಲೇ ಆಗಬೇಕಾದ ಕೆಲಸವಿದು.

ಇನ್ನೊಂದು ಮಾತು. ಮನೆಯೊಳಗೆ ಹೆಂಗಸರು ತಮ್ಮವರ ನಡುವೆ ಹಾಡಿದ್ದನ್ನು ಅವರನ್ನು ಕೇಳದೆ ಯೂಟ್ಯೂಬಿಗೋ ವಾಟ್ಸ್‌ಆ್ಯಪ್ ಗ್ರೂಪಿಗೋ ಹಾಕುವುದು ಸರಿಯಲ್ಲ. ಅಂಗಡಿಯಿಂದ ಕೊಂಡ ಕ್ಯಾಸೆಟ್, ಸಿಡಿಯ ಹಾಡುಗಳಿಗೂ ಹಕ್ಕುದಾರರಿದ್ದಾರೆ. ಉಳಿಸಿಕೊಳ್ಳುವುದು ಬೇರೆ, ಹಂಚುವುದು ಬೇರೆ.

ಇಷ್ಟಕ್ಕೆಲ್ಲ ಬೇಕಾದದ್ದು ಒಂದು ಕೇಬಲ್, ರಜೆಯ ಒಂದು ಮಧ್ಯಾಹ್ನ. ಕಪಾಟಿನ ಪ್ಲೇಯರ್ ಆನ್ ಆಗುವಷ್ಟು ದಿನ ಮಾತ್ರ ಈ ಅವಕಾಶ.